ಪನ್ನಾ ಕೋಟಾ: ಇಟಲಿಯ ತಂಪು ಕೆನೆ ಸಿಹಿ

ನಮ್ಮಲ್ಲಿ ಹಾಲಿನ ಕೆನೆ ಹೆಚ್ಚಾಗಿ ಬೆಣ್ಣೆ, ತುಪ್ಪಕ್ಕೇ ಸಲ್ಲುತ್ತದೆ. ಇಟಲಿಯ ವಾಯವ್ಯದಲ್ಲಿರುವ ಪಿಯೆಮಾಂಟೆ ಪ್ರಾಂತದಲ್ಲಿ ಕೆನೆಯನ್ನು ಸಕ್ಕರೆಯೊಡನೆ ಕಾಯಿಸಿ, ಬಟ್ಟಲಿನಲ್ಲಿ ತಣಿಸಿ ಸಿಹಿ ತಿನಿಸು ಮಾಡುವುದುಂಟು. ಇದರ ಹೆಸರು ‘ಪನ್ನಾ ಕೋಟಾ’; ಬೇಯಿಸಿದ ಕೆನೆ ಎಂದು ಅರ್ಥ. ಆ ಪ್ರಾಂತ ಹೇಜಲ್ ಬೀಜಕ್ಕೂ ಹೆಸರಾಗಿದ್ದು, ಅಲ್ಲಿಯ ಬೀಜಕ್ಕೆ 1993ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ದೊರೆತಿದೆ. ಹುರಿದ ಈ ಬೀಜ ಮತ್ತು ಬೆರಿ ಹಣ್ಣುಗಳು ಕೆನೆ ಸಿಹಿಗೆ ಚೆನ್ನಾಗಿ ಹೊಂದುತ್ತವೆ.

ಗಟ್ಟಿಯಾಗುವುದು ಹೇಗೆ?

ಕೆನೆ ತಾನಾಗಿ ಗಟ್ಟಿಯಾಗದು. ಅದನ್ನು ಹಿಡಿದಿಡುವುದು ಜೆಲಟಿನ್. ಇದು ತಣ್ಣೀರಿನಲ್ಲಿ ಉಬ್ಬಿ, ಬಿಸಿಯಲ್ಲಿ ಕರಗಿ, ತಣಿದಾಗ ಬಲೆಯಂತೆ ಹೆಣೆದುಕೊಳ್ಳುತ್ತದೆ. ಬಾಯಿಯ ಬಿಸಿಗೆ ಮತ್ತೆ ಕರಗುವುದರಿಂದಲೇ ತಿನಿಸು ನುಣುಪಾಗಿರುತ್ತದೆ. 100 ಭಾಗಕ್ಕೆ 1 ಭಾಗ ಜೆಲಟಿನ್ ಸಾಕು.

ಬೇಕಾಗುವ ಸಾಮಗ್ರಿಗಳು (5 ಬಟ್ಟಲಿಗೆ)

ಕೆನೆ 400 ಗ್ರಾಂ
ಹಾಲು 100 ಮಿ.ಲೀ.
ಸಕ್ಕರೆ 70 ಗ್ರಾಂ
ಜೆಲಟಿನ್ ಪುಡಿ 5 ಗ್ರಾಂ
ತಣ್ಣೀರು 30 ಮಿ.ಲೀ.
ಸ್ಟ್ರಾಬೆರಿ ಅಥವಾ ರಾಸ್‌ಬೆರಿ 200 ಗ್ರಾಂ, ಅದಕ್ಕೆ ಸಕ್ಕರೆ 40 ಗ್ರಾಂ
ಹೇಜಲ್ ಬೀಜ 50 ಗ್ರಾಂ

ಕೆನೆಯಲ್ಲಿ ಶೇ. 35ರಷ್ಟು ಕೊಬ್ಬಿದ್ದರೆ ಉತ್ತಮ. ಶೇ. 7ರಷ್ಟು ಕೊಬ್ಬಿರುವ ಎಮ್ಮೆ ಹಾಲಾದರೆ ಸುಮಾರು 2 ಲೀಟರಿನಿಂದ ಇಷ್ಟು ಕೆನೆ ದೊರೆಯುತ್ತದೆ. ಇದನ್ನು ಯಂತ್ರದಿಂದ ತೆಗೆಯಬೇಕು. ಕಾಯಿಸಿದ ಹಾಲಿನ ಮೇಲೆ ಕಟ್ಟುವ ಕೆನೆಯ ಪದರ ಗಂಟುಗಂಟಾಗುತ್ತದೆ. ಉಳಿದ ಹಾಲನ್ನು ಮೊಸರಿಗೆ ಬಳಸಬಹುದು.

ಮಾಡುವ ವಿಧಾನ

1. ಜೆಲಟಿನ್ ಪುಡಿಯನ್ನು ತಣ್ಣೀರಿನ ಮೇಲೆ ಉದುರಿಸಿ 10 ನಿಮಿಷ ನೆನೆಯಲು ಬಿಡಿ.

2. ಕೆನೆ, ಹಾಲು, ಸಕ್ಕರೆಗಳನ್ನು ದಪ್ಪ ತಳದ ಪಾತ್ರೆಯಲ್ಲಿ ಕಲಕುತ್ತ 80 ಡಿಗ್ರಿ ಸೆಲ್ಸಿಯಸ್‌ವರೆಗೆ ಕಾಯಿಸಿ. ಆವಿ ಚೆನ್ನಾಗಿ ಏಳಬೇಕು, ಕುದಿಯಬಾರದು.

3. ಒಲೆಯಿಂದ ಇಳಿಸಿ ಐದು ನಿಮಿಷ ಬಿಟ್ಟು, ನೆನೆದ ಜೆಲಟಿನ್ ಹಾಕಿ ಪೂರ್ತಿ ಕರಗುವವರೆಗೆ ಕಲಕಿ ಸೋಸಿರಿ.

4. ಪಾತ್ರೆಯನ್ನು ತಣ್ಣೀರಿನಲ್ಲಿಟ್ಟು ಆಗಾಗ ಕಲಕಿ ತಣಿಸಿ. ಬಟ್ಟಲುಗಳಿಗೆ ಸುರಿದು, ಮುಚ್ಚಿ, ಫ್ರಿಜ್ಜಿನಲ್ಲಿ 6 ಗಂಟೆ ಇಡಿ.

5. ಹಣ್ಣನ್ನು ಸಕ್ಕರೆಯೊಡನೆ ಸಣ್ಣ ಉರಿಯಲ್ಲಿ ರಸ ಬಿಡುವವರೆಗೆ ಬೇಯಿಸಿ ಆರಿಸಿ. ಬೀಜವನ್ನು ಹುರಿದು, ಬಟ್ಟೆಯಲ್ಲಿ ಉಜ್ಜಿ ಸಿಪ್ಪೆ ತೆಗೆದು ತರಿಯಾಗಿ ಕುಟ್ಟಿರಿ. ಇವೆರಡನ್ನೂ ಬಡಿಸುವಾಗಲೇ ಮೇಲೆ ಹಾಕಬೇಕು. ಮೊದಲೇ ಹಾಕಿದರೆ ಬೀಜ ಮೆತ್ತಗಾಗುತ್ತದೆ. ಹೇಜಲ್ ಬೀಜ ಸಿಗದಿದ್ದರೆ ಗೋಡಂಬಿ ಆದೀತು.

ಸಸ್ಯಾಹಾರಿಗಳಿಗೆ

ಜೆಲಟಿನ್ ಪ್ರಾಣಿಗಳ ಚರ್ಮ, ಮೂಳೆಗಳಿಂದ ತಯಾರಾಗುವ ವಸ್ತು. ಅದು ಬೇಡವೆನ್ನುವವರು ಕಡಲಕಳೆಯಿಂದ ಬರುವ ಅಗರ್ ಪುಡಿಯನ್ನು (ಚೈನಾ ಗ್ರಾಸ್) 2 ಗ್ರಾಂ ಬಳಸಬಹುದು. ಇದನ್ನು ಹಾಲಿನಲ್ಲಿ 2-3 ನಿಮಿಷ ಕುದಿಸಿಯೇ ಕರಗಿಸಿ, ಬಿಸಿ ಕೆನೆಗೆ ಬೆರೆಸಬೇಕು. ಕೆನೆ ತಣ್ಣಗಿದ್ದರೆ ಅಗರ್ ಕೂಡಲೇ ಗಂಟು ಕಟ್ಟುತ್ತದೆ. ಬೆರೆಸಿದ ಮೇಲೆ ತಣಿಸಲು ಕಾಯದೆ ಬಟ್ಟಲಿಗೆ ಸುರಿಯಿರಿ.

ಹದ ಕೆಡಲು ಕಾರಣಗಳು

ಜೆಲಟಿನ್ ಬಹಳ ಹೊತ್ತು ಕುದಿದರೆ ಹಿಡಿತ ಕಳೆದುಕೊಳ್ಳುತ್ತದೆ. ಹಸಿ ಅನಾನಸ್, ಪರಂಗಿ, ಅಂಜೂರ ಸೇರಿಸಿದರೆ ಅವುಗಳಲ್ಲಿರುವ ಕಿಣ್ವಗಳು ಜೆಲಟಿನ್ನನ್ನು ಕತ್ತರಿಸಿ ತಿನಿಸನ್ನು ನೀರಾಗಿಸುತ್ತವೆ. ಬೇಯಿಸಿದ ಹಣ್ಣಿನಿಂದ ಈ ತೊಂದರೆಯಿಲ್ಲ. ಜೆಲಟಿನ್ ಹೆಚ್ಚಾದರೆ ರಬ್ಬರಿನಂತೆ ಪೆಡಸಾಗುತ್ತದೆ.

ಎಚ್ಚರಿಕೆ

ಕೆನೆಯನ್ನು ಹಸಿಯಾಗಿ ಎಂದೂ ಬಳಸಬಾರದು. ಕಾಯಿಸಿದ ನಂತರವೂ ಹೊರಗೆ ಉಳಿದರೆ ರೋಗಾಣುಗಳು ಬೇಗ ಬೆಳೆಯುತ್ತವೆ. ಆದ್ದರಿಂದ 5 ಡಿಗ್ರಿ ಅಥವಾ ಅದಕ್ಕಿಂತ ಕಡಿಮೆ ಉಷ್ಣತೆಯಲ್ಲಿಟ್ಟು ಎರಡು ದಿನಗಳೊಳಗೆ ಮುಗಿಸಬೇಕು. ಗಂಟೆಗಟ್ಟಲೆ ವಿದ್ಯುತ್ ಹೋಗುವ ಊರುಗಳಲ್ಲಿ ಅಂದಂದಿಗೆ ಬೇಕಾದಷ್ಟೇ ಮಾಡುವುದು ಕ್ಷೇಮ. ಮೊದಲ ಸಲ ಅರ್ಧ ಅಳತೆಯಲ್ಲಿ ಮಾಡಿ ಹದ ತಿಳಿದುಕೊಳ್ಳಿ.