ಮನೆಯವರಿಗೆ ಮೊದಲು ತಿಳಿಯಲಿ

ಮಕ್ಕಳೇ, 2025ರ ಜೂನ್ 4ರ ಸಂಜೆ ಮೊಬೈಲಿನಲ್ಲಿ ನೋಡಿದ್ದು ನಿಮ್ಮಲ್ಲಿ ಅನೇಕರಿಗೆ ಇನ್ನೂ ಕಣ್ಣಿಗೆ ಕಟ್ಟಿದಂತಿರಬೇಕು. ಆರ್‌ಸಿಬಿ ಮೊದಲ ಬಾರಿಗೆ ಐಪಿಎಲ್ ಗೆದ್ದ ಮರುದಿನ ಚಿನ್ನಸ್ವಾಮಿ ಕ್ರೀಡಾಂಗಣದ ಹೊರಗೆ ಕಾಲ್ತುಳಿತವಾಗಿ 11 ಜನ ತೀರಿಕೊಂಡರು. ಹೆಚ್ಚಿನವರು ಎಳೆಯ ಪ್ರಾಯದವರು. ಪ್ರಜ್ಞೆ ತಪ್ಪಿದವರನ್ನು ಹೊತ್ತು ಓಡುವ ಪೊಲೀಸರು, ರಾಶಿಬಿದ್ದ ಚಪ್ಪಲಿಗಳು, ಬಿದ್ದವರ ಎದೆ ಒತ್ತಿ ಉಸಿರು ತರಿಸಲು ಹೆಣಗುವ ಕೈಗಳು, ಎಲ್ಲವೂ ಊರೂರಿನ ವಾಟ್ಸ್‌ಆ್ಯಪ್ ಗುಂಪುಗಳಿಗೆ ಹರಿದವು.

ಹಿಂದೆ ಸಾವಿನ ಸುದ್ದಿ ಮುಟ್ಟಿಸಲು ನಮ್ಮಲ್ಲೊಂದು ರೀತಿಯಿತ್ತು. ದೂರದಲ್ಲಿರುವವರಿಗೆ 'ಸ್ವಲ್ಪ ಸೀರಿಯಸ್ಸಾಗಿದೆ, ಹೊರಟು ಬನ್ನಿ' ಎನ್ನುತ್ತಿದ್ದರು. ನಿಜ ಗೊತ್ತಿದ್ದವರೊಬ್ಬರು ಬಸ್ಸಿನಲ್ಲಿ ಪಕ್ಕದಲ್ಲೇ ಕೂತು, ದಾರಿಯುದ್ದಕ್ಕೂ ಏನೂ ಹೇಳದೆ, ಮನೆ ಬಾಗಿಲವರೆಗೂ ಬರುತ್ತಿದ್ದರು. ಅದು ಸುಳ್ಳಲ್ಲ, ಅಂತಃಕರಣ. ಹೆತ್ತ ತಾಯಿ ಮಗನ ಮುಖವನ್ನು ಯಾರದೋ ಸ್ಟೇಟಸ್‌ನಲ್ಲಿ ನೋಡಿ ತಿಳಿಯುವಂತಾಗಬಾರದು. ಮುಖ ಕಾಣುವ ವಿಡಿಯೊ ನಿಮ್ಮ ಕೈಗೆ ಬಂದರೆ ಅದು ಅಲ್ಲಿಗೇ ನಿಲ್ಲಲಿ.

ಹಾಗೆಂದು ಮೊಬೈಲ್ ಎತ್ತಲೇಬೇಡಿ ಎನ್ನಲಾರೆ. 2020ರಲ್ಲಿ ಅಮೆರಿಕದ ಮಿನಿಯಾಪೊಲಿಸ್‌ನಲ್ಲಿ ಹದಿನೇಳರ ಹುಡುಗಿಯೊಬ್ಬಳು ಚಿತ್ರೀಕರಿಸದಿದ್ದರೆ, ಪೊಲೀಸರ ಕೈಯಲ್ಲಿ ಆದ ಜಾರ್ಜ್ ಫ್ಲಾಯ್ಡ್ ಸಾವು ಅವರ ಮೊದಲ ಹೇಳಿಕೆಯಂತೆ ಬರೀ ಅನಾರೋಗ್ಯದ ಪ್ರಕರಣವಾಗಿ ಮುಚ್ಚಿಹೋಗುತ್ತಿತ್ತೇನೋ. ಅನ್ಯಾಯಕ್ಕೆ ಸಾಕ್ಷಿ ಬೇಕು. ಆದರೆ ಜೀವ ಉಳಿಸುವುದು ಅದಕ್ಕಿಂತ ಮೊದಲು. ಗುಂಪಿನ ಒತ್ತಡಕ್ಕೆ ಸಿಕ್ಕವರು ಸಾಯುವುದು ಬಹುತೇಕ ಉಸಿರು ಕಟ್ಟಿ. ಪಕ್ಕದಲ್ಲಿ ಒಬ್ಬರು ಉಸಿರಿಲ್ಲದೆ ಬಿದ್ದಿದ್ದರೆ ಮೊದಲು 112ಕ್ಕೆ ಕರೆ ಮಾಡಿ, ನಿಮಿಷಕ್ಕೆ 100ರಿಂದ 120 ಬಾರಿ ಎದೆಯ ನಡುವೆ ಬಲವಾಗಿ ಒತ್ತಿ. ಇದನ್ನು ಕಾಲೇಜಿನಲ್ಲಿರುವಾಗಲೇ ಕಲಿತಿಟ್ಟುಕೊಳ್ಳಿ.

ನಿಮ್ಮ ಮನಸ್ಸಿನ ಚಿಂತೆಯೂ ನನಗಿದೆ. 2013ರ ಬಾಸ್ಟನ್ ಮ್ಯಾರಥಾನ್ ಸ್ಫೋಟದ ನಂತರ ನಡೆದ ಅಧ್ಯಯನವೊಂದರಲ್ಲಿ, ಮುಂದಿನ ವಾರ ದಿನಕ್ಕೆ ಆರು ಗಂಟೆಗೂ ಮಿಕ್ಕಿ ಅದೇ ಸುದ್ದಿ, ಅದೇ ದೃಶ್ಯ ನೋಡಿದವರಲ್ಲಿ, ಸ್ಥಳದಲ್ಲೇ ಇದ್ದವರಿಗಿಂತ ಹೆಚ್ಚಿನ ಆಘಾತದ ಲಕ್ಷಣಗಳು ಕಂಡವು. ನೋಡಿದಷ್ಟೂ ದುಃಖದಲ್ಲಿ ಪಾಲು ಪಡೆದಂತೆ ಅನಿಸುತ್ತದೆ. ನೊಂದವರಿಗೆ ಅದರಿಂದ ಏನೂ ಸಲ್ಲುವುದಿಲ್ಲ. ರಾತ್ರಿ ನಿದ್ದೆ ಬಾರದಿದ್ದರೆ ಒಬ್ಬರೇ ಸ್ಕ್ರೋಲ್ ಮಾಡುತ್ತ ಕೂರಬೇಡಿ, ಮನೆಯಲ್ಲಿ ಯಾರನ್ನಾದರೂ ಎಬ್ಬಿಸಿ ಮಾತಾಡಿ. ನಾವು ಬೇಸರಪಡುವುದಿಲ್ಲ.

ಇನ್ನೊಂದು ಮಾತು. ಮನೆಯ ಗುಂಪಿನಲ್ಲಿ ಇಂಥ ವಿಡಿಯೊ ಹಾಕುವವರು ಎಷ್ಟೋ ಸಲ ನನ್ನ ವಯಸ್ಸಿನವರೇ. ದೊಡ್ಡವರು ಎಂಬ ಮುಲಾಜು ಬೇಡ. ಎಲ್ಲರೆದುರು ಹೇಳದೆ ಫೋನ್ ಮಾಡಿ, ಎಲ್ಲರ ಮೊಬೈಲಿನಿಂದಲೂ ಅದನ್ನು ಅಳಿಸುವುದು ಹೇಗೆಂದು ಅವರಿಗೆ ಹೇಳಿಕೊಡಿ.