ನವಣೆ ಗಂಜಿ ಬೆರೆಸಿ ಮನೆಯಲ್ಲೇ ಬ್ರೆಡ್

ಬೇಸಾಯಶಾಸ್ತ್ರದವರಿಗೆ ಬ್ರೆಡ್ಡಿನ ಗೊಡವೆ ಏಕೆ ಎಂದು ಓದುಗರು ಕೇಳಬಹುದು. ಬೀರೂರು–ಚಿಕ್ಕಜಾಜೂರು ರೈಲು ಮಾರ್ಗದಲ್ಲಿರುವ ರಾಮಗಿರಿಯ ಸುತ್ತಿನ ಹಳ್ಳಿಗಳಿಗೆ ಹೋದಾಗ ನಾವು ಹೇಳುವುದು ಒಂದೇ ಮಾತು: "ಖುಷ್ಕಿ ಹೊಲದ ಒಂದು ಪಾಲಿಗಾದರೂ ನವಣೆ ಬಿತ್ತಿ. 80–90 ದಿನಗಳಲ್ಲಿ ಕೊಯ್ಲಿಗೆ ಬರುತ್ತದೆ, ಮಳೆ ಹಿಂದೆಮುಂದಾದರೂ ಅಷ್ಟೋ ಇಷ್ಟೋ ಕೈಗೆ ಸಿಗುತ್ತದೆ." ಅದಕ್ಕೆ ಬರುವ ಉತ್ತರವೂ ಒಂದೇ: "ಬಿತ್ತಬಹುದು ಸ್ವಾಮಿ, ಉಣ್ಣುವವರು ಯಾರು? ಹುಡುಗರು ನವಣೆ ಅನ್ನ ಮುಟ್ಟುವುದಿಲ್ಲ, ಅಂಗಡಿಯ ಬ್ರೆಡ್ ಬೇಕು ಎನ್ನುತ್ತಾರೆ."

ಈ ಉತ್ತರದಲ್ಲಿ ಸತ್ಯವಿದೆ. ಮನೆಯವರು ಉಣ್ಣದ ಕಾಳು ಹೊಲದಲ್ಲಿ ಬಹಳ ಕಾಲ ನಿಲ್ಲುವುದಿಲ್ಲ. ಹೊಳಲ್ಕೆರೆ, ಹೊಸದುರ್ಗ ತಾಲ್ಲೂಕುಗಳ ಅನೇಕ ಹೊಲಗಳಲ್ಲಿ ನವಣೆ, ಸಾಮೆಗಳ ಜಾಗಕ್ಕೆ ಮೆಕ್ಕೆಜೋಳ ಬಂದಿರುವುದಕ್ಕೆ ಇದೂ ಒಂದು ಕಾರಣ. ಆದ್ದರಿಂದ ಮಕ್ಕಳು ಕೇಳುವ ಬ್ರೆಡ್ಡಿನೊಳಗೇ ನವಣೆಯನ್ನು ಸೇರಿಸುವ ವಿಧಾನವನ್ನು ಇಲ್ಲಿ ವಿವರಿಸಲಾಗಿದೆ.

ಓಟ್ಸ್ ಬ್ರೆಡ್ಡಿನಿಂದ ಕಲಿಯಬೇಕಾದ ಪಾಠ

ಓಟ್ಸ್ ತಂಪು ಹವೆಯ ಧಾನ್ಯ. ಅಮೆರಿಕದ ಈಶಾನ್ಯ ರಾಜ್ಯಗಳ ಮನೆಗಳಲ್ಲಿ ಓಟ್ಸನ್ನು ಕುದಿಯುವ ನೀರಿನಲ್ಲಿ ನೆನೆಸಿ, ಗಂಜಿಯಂತಾದ ಮೇಲೆ ಗೋಧಿ ಹಿಟ್ಟಿಗೆ ಬೆರೆಸಿ ಬ್ರೆಡ್ ಮಾಡುವ ರೂಢಿಯಿದೆ. ಓಟ್ಸ್ ಒಂದರಿಂದಲೇ ಬ್ರೆಡ್ ಉಬ್ಬುವುದಿಲ್ಲ ಎಂಬುದು ಅವರಿಗೆ ಅನುಭವದಿಂದ ತಿಳಿದಿತ್ತು. ನಮ್ಮ ನವಣೆ, ಸಾಮೆ, ರಾಗಿಗಳ ಗುಣವೂ ಇದೇ. ಆದ್ದರಿಂದ ಅದೇ ವಿಧಾನ ನಮಗೂ ಒದಗುತ್ತದೆ.

ಇದರ ಕಾರಣವನ್ನು ಇಡ್ಲಿಯ ಉದಾಹರಣೆಯಿಂದ ತಿಳಿಯಬಹುದು. ಹಿಟ್ಟು ಹುದುಗುವಾಗ ಹುಟ್ಟುವ ಅನಿಲವನ್ನು ಉದ್ದಿನ ಲೋಳೆ ಹಿಡಿದಿಡುತ್ತದೆ. ಉದ್ದು ಕಡಿಮೆಯಾದರೆ ಇಡ್ಲಿ ಕಲ್ಲಾಗುತ್ತದೆ. ಬ್ರೆಡ್ಡಿನಲ್ಲಿ ಯೀಸ್ಟ್ ಎಂಬ ಸೂಕ್ಷ್ಮಜೀವಿ ಸಕ್ಕರೆಯ ಅಂಶವನ್ನು ತಿಂದು ಇಂಗಾಲದ ಡೈಆಕ್ಸೈಡನ್ನು ಬಿಡುತ್ತದೆ. ಅದನ್ನು ಹಿಡಿದಿಡುವುದು ಗೋಧಿಯ ಗ್ಲುಟೆನ್ ಎಂಬ ಅಂಟು. ಗೋಧಿ ಹಿಟ್ಟಿಗೆ ನೀರು ಹಾಕಿ ನಾದಿದಾಗ ಈ ಅಂಟು ರಬ್ಬರಿನಂತೆ ಹಿಗ್ಗುವ ಬಲೆಯಾಗುತ್ತದೆ. ನವಣೆಯಲ್ಲಿ ಈ ಅಂಟು ಇಲ್ಲ.

ನಮ್ಮ ಮನೆಯಲ್ಲಿ ಮೊದಲ ಸಲ ನವಣೆ ಹಿಟ್ಟನ್ನು ಗೋಧಿಗೆ ಅರ್ಧಕ್ಕರ್ಧ ಬೆರೆಸಿದೆವು. ಬಂದದ್ದು ಬ್ರೆಡ್ಡಲ್ಲ, ಇಟ್ಟಿಗೆ. ಎರಡನೆಯ ಸಲ ಅಳತೆ ಸರಿಯಿತ್ತು, ಆದರೆ ಆತುರದಲ್ಲಿ ಬಿಸಿ ಗಂಜಿಗೇ ಯೀಸ್ಟ್ ಹಾಕಿದೆವು. ಸುಮಾರು 55–60 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ ಯೀಸ್ಟ್ ಸಾಯುತ್ತದೆ, ಆದ್ದರಿಂದ ಹಿಟ್ಟು ಕದಲಲೇ ಇಲ್ಲ. ಈ ಎರಡು ತಪ್ಪುಗಳನ್ನು ತಪ್ಪಿಸಿದರೆ ಮುಕ್ಕಾಲು ಕೆಲಸ ಗೆದ್ದಂತೆ. ಗೋಧಿಯ ಪಾಲು ಹೆಚ್ಚಿರಬೇಕು, ಗಂಜಿ ಆರಿರಬೇಕು.

ಬೇಕಾಗುವ ಸಾಮಗ್ರಿಗಳು (ಸುಮಾರು 750 ಗ್ರಾಂ ತೂಕದ ಒಂದು ಬ್ರೆಡ್ಡಿಗೆ)

ನವಣೆ ಅಕ್ಕಿಯ ರವೆ – 75 ಗ್ರಾಂ
ಗಂಜಿಗೆ ನೀರು – 250 ಮಿ.ಲೀ.
ಮೈದಾ – 250 ಗ್ರಾಂ
ಗೋಧಿ ಹಿಟ್ಟು – 150 ಗ್ರಾಂ
ಒಣ ಯೀಸ್ಟ್ – 5 ಗ್ರಾಂ (ಒಂದೂವರೆ ಟೀ ಚಮಚ)
ಬೆಲ್ಲದ ಪುಡಿ – 20 ಗ್ರಾಂ
ಉಪ್ಪು – 8 ಗ್ರಾಂ
ಅಡುಗೆ ಎಣ್ಣೆ – 20 ಮಿ.ಲೀ.
ಯೀಸ್ಟ್ ಕದಡಲು ಉಗುರುಬೆಚ್ಚಗಿನ ನೀರು – 100 ಮಿ.ಲೀ.

ನವಣೆಯನ್ನು ಕಲ್ಲು, ಮಣ್ಣು ಇಲ್ಲದಂತೆ ಸ್ವಚ್ಛಮಾಡಿ, ಹೊಟ್ಟು ತೆಗೆಸಿ, ರವೆಯಾಗಿ ಒಡೆಸಬೇಕು. ಇದರಲ್ಲಿ ಕೊಬ್ಬಿನ ಅಂಶ ಇರುವುದರಿಂದ ಹೊಟ್ಟು ತೆಗೆದ ಅಕ್ಕಿ, ರವೆಗಳು ಬೇಗನೆ ಕಹಿಯಾಗುತ್ತವೆ. ಕಾಳನ್ನು ಹೊಟ್ಟಿನ ಸಮೇತ ಶೇಖರಿಸಿಟ್ಟುಕೊಂಡು, ಎರಡು ಮೂರು ವಾರಕ್ಕೆ ಬೇಕಾಗುವಷ್ಟನ್ನು ಮಾತ್ರ ಮಾಡಿಸುವುದು ಒಳ್ಳೆಯದು.

ಮಾಡುವ ವಿಧಾನ

1. ನೀರನ್ನು ಕುದಿಸಿ ರವೆ ಹಾಕಿ, ಸಣ್ಣ ಉರಿಯಲ್ಲಿ 8–10 ನಿಮಿಷ ಕೈಯಾಡಿಸುತ್ತಾ ಬೇಯಿಸಿ. ಇಳಿಸಿ, ಉಪ್ಪು ಮತ್ತು ಎಣ್ಣೆ ಸೇರಿಸಿ ಮುಚ್ಚಿಡಿ. ಬೆರಳು ಅದ್ದಿದರೆ ಹಿತವಾದ ಬೆಚ್ಚಗಿರುವಷ್ಟು ಆರಬೇಕು. ರವೆಯನ್ನು ಹೀಗೆ ಮೊದಲೇ ಬೇಯಿಸುವುದರಿಂದ ಅದು ನೀರನ್ನು ಹಿಡಿದುಕೊಳ್ಳುತ್ತದೆ. ಬ್ರೆಡ್ ಮೆತ್ತಗೆ ಬರುತ್ತದೆ, ಮರುದಿನವೂ ಪುಡಿಯಾಗುವುದಿಲ್ಲ.

2. ಉಗುರುಬೆಚ್ಚಗಿನ ನೀರಿನಲ್ಲಿ ಬೆಲ್ಲ ಕರಗಿಸಿ ಯೀಸ್ಟ್ ಉದುರಿಸಿ. 10 ನಿಮಿಷದಲ್ಲಿ ನೊರೆ ಬರಬೇಕು. ನೊರೆ ಬಾರದಿದ್ದರೆ ಯೀಸ್ಟ್ ಸತ್ತಿದೆ ಎಂದರ್ಥ. ಅದನ್ನು ಚೆಲ್ಲಿ ಬೇರೆ ಯೀಸ್ಟ್ ತನ್ನಿ, ಹಿಟ್ಟನ್ನು ಹಾಳುಮಾಡಬೇಡಿ.

3. ಎರಡೂ ಹಿಟ್ಟುಗಳಿಗೆ ಗಂಜಿ, ಯೀಸ್ಟ್ ನೀರು ಸೇರಿಸಿ ಕಲಸಿ. ಹಿಟ್ಟು ಚಪಾತಿಯ ಹದಕ್ಕಿಂತ ಸ್ವಲ್ಪ ಸಡಿಲವಾಗಿರಬೇಕು. ಗಟ್ಟಿ ಎನಿಸಿದರೆ ಒಂದೊಂದು ಚಮಚದಂತೆ ಇನ್ನೂ 50 ಮಿ.ಲೀ.ವರೆಗೆ ನೀರು ಸೇರಿಸಬಹುದು. 10–12 ನಿಮಿಷ ಚೆನ್ನಾಗಿ ನಾದಿ. ಮೊದಲು ಕೈಗೆ ಅಂಟುವುದು ಸಹಜ, ಒಣ ಹಿಟ್ಟು ಸುರಿಯಬೇಡಿ, ಕೈಗೆ ಎಣ್ಣೆ ಸವರಿಕೊಳ್ಳಿ.

4. ಒದ್ದೆ ಬಟ್ಟೆ ಮುಚ್ಚಿ, ಹಿಟ್ಟು ಎರಡರಷ್ಟಾಗುವವರೆಗೆ ಇಡಿ. ಗಡಿಯಾರಕ್ಕಿಂತ ಹಿಟ್ಟನ್ನೇ ನೋಡುವುದು ಮುಖ್ಯ. ಸಾಮಾನ್ಯ ದಿನಗಳಲ್ಲಿ ಒಂದು ಗಂಟೆ ಬೇಕಾದರೆ, ಏಪ್ರಿಲ್ ಬಿಸಿಲಿನಲ್ಲಿ 40 ನಿಮಿಷವೇ ಸಾಕಾಗಬಹುದು. ಮಾಗಿಯ ಬೆಳಗಿನಲ್ಲಿ ಎರಡು ಗಂಟೆ ಹಿಡಿದೀತು. ಬೇಸಿಗೆಯಲ್ಲಿ ಯೀಸ್ಟನ್ನು ಗಡಿಗೆಯ ನೀರಿನಲ್ಲೇ ಕದಡಬಹುದು.

5. ಉಬ್ಬಿದ ಹಿಟ್ಟನ್ನು ಮೆಲ್ಲಗೆ ಒತ್ತಿ ಗಾಳಿ ತೆಗೆದು, ಸುರುಳಿ ಸುತ್ತಿ, ಎಣ್ಣೆ ಸವರಿದ 9 ಅಂಗುಲ ಉದ್ದ, 5 ಅಂಗುಲ ಅಗಲದ ತಗಡಿನ ಅಚ್ಚಿನಲ್ಲಿಡಿ. ಮತ್ತೆ 35–45 ನಿಮಿಷ ಬಿಡಿ. ಬೆರಳಿನಿಂದ ಒತ್ತಿದ ಗುಳಿ ನಿಧಾನವಾಗಿ ಮೇಲೆ ಬಂದರೆ ಬೇಯಿಸುವ ಹದ. ಗುಳಿ ಹಾಗೆಯೇ ಉಳಿದರೆ ಹೊತ್ತು ಮೀರಿದೆ, ಬೇಯುವಾಗ ನಡು ಕುಸಿಯುತ್ತದೆ.

6. ಓವನ್ ಇದ್ದರೆ 190 ಡಿಗ್ರಿ ಸೆಲ್ಸಿಯಸ್‌ನಲ್ಲಿ 35–40 ನಿಮಿಷ ಬೇಯಿಸಿ. ಅಚ್ಚಿನಿಂದ ತೆಗೆದು ತಳವನ್ನು ತಟ್ಟಿದರೆ ಟೊಳ್ಳು ಶಬ್ದ ಬರಬೇಕು. ಪೂರ್ತಿ ಆರುವ ಮೊದಲು ಕೊಯ್ಯಬಾರದು.

ಓವನ್ ಇಲ್ಲದವರಿಗೆ

ದಪ್ಪ ತಳದ ದೊಡ್ಡ ಪಾತ್ರೆಯಲ್ಲಿ ಒಂದು ಅಂಗುಲ ಒಣ ಮರಳು ಹರಡಿ, ಮೇಲೆ ಕಬ್ಬಿಣದ ಸ್ಟ್ಯಾಂಡ್ ಇಟ್ಟು, ಮುಚ್ಚಿ 15 ನಿಮಿಷ ಕಾಯಿಸಿ. ಹಿಟ್ಟನ್ನು ಎರಡು ಚಿಕ್ಕ ಅಚ್ಚುಗಳಿಗೆ ಹಂಚಿ ಒಂದಾದ ಮೇಲೊಂದನ್ನು ಇಟ್ಟು, ತಲಾ 40–50 ನಿಮಿಷ ಸಣ್ಣ ಉರಿಯಲ್ಲಿ ಬೇಯಿಸಬಹುದು. ಸರದಿ ಕಾಯುವ ಅಚ್ಚನ್ನು ತಂಪಾದ ಜಾಗದಲ್ಲಿಡಿ. ಸೌದೆ ಒಲೆಯಾದರೆ ಮುಚ್ಚಳದ ಮೇಲೆ ಕೆಂಡ ಹಾಕುವುದರಿಂದ ಮೇಲ್ಭಾಗವೂ ಕೆಂಪಗಾಗುತ್ತದೆ. ಪ್ರೆಷರ್ ಕುಕ್ಕರನ್ನು ಇದಕ್ಕೆ ಬಳಸುವುದಾದರೆ ರಬ್ಬರ್ ಉಂಗುರ ಮತ್ತು ವೆಯಿಟ್ ಎರಡನ್ನೂ ತಪ್ಪದೆ ತೆಗೆದಿಡಬೇಕು.

ಇತರ ಧಾನ್ಯಗಳು

ಸಾಮೆ ರವೆಗೆ ಇದೇ ಅಳತೆ. ರಾಗಿಯಾದರೆ 60 ಗ್ರಾಂ ಹಿಟ್ಟನ್ನು ತಣ್ಣೀರಿನಲ್ಲಿ ಕದಡಿ, ಗಂಟಾಗದಂತೆ ಗಂಜಿ ಕಾಯಿಸಬೇಕು. ಬ್ರೆಡ್ಡಿನ ಬಣ್ಣ ಕಂದಾಗುತ್ತದೆ, ಸುಣ್ಣದ ಅಂಶ ಹೆಚ್ಚುತ್ತದೆ. ಓಟ್ಸ್ ಅವಲಕ್ಕಿ ಸಿಕ್ಕಿದರೆ 75 ಗ್ರಾಂಗೆ ಕುದಿಯುವ ನೀರು ಹೊಯ್ದು ಅರ್ಧ ಗಂಟೆ ನೆನೆಸಿದರೆ ಸಾಕು, ಒಲೆಯ ಮೇಲೆ ಬೇಯಿಸಬೇಕಾಗಿಲ್ಲ.

ಗಮನಿಸಬೇಕಾದ ಅಂಶಗಳು

* ನಮ್ಮ ಹವೆಯಲ್ಲಿ ಈ ಬ್ರೆಡ್ ಎರಡು ದಿನ ಚೆನ್ನಾಗಿರುತ್ತದೆ. ಬೂಷ್ಟು ಕಂಡರೆ, ಇಲ್ಲವೆ ಒಳಗೆ ನೂಲಿನಂತೆ ಎಳೆ ಬಂದು ಕೆಟ್ಟ ವಾಸನೆ ಹೊಡೆದರೆ ಪೂರ್ತಿ ಎಸೆಯಬೇಕು.
* ಇದರಲ್ಲಿ ಗೋಧಿಯಿದೆ. ಗೋಧಿ ಒಗ್ಗದವರು "ಸಿರಿಧಾನ್ಯದ ಬ್ರೆಡ್" ಎಂಬ ಹೆಸರು ನಂಬಿ ತಿನ್ನಬಾರದು.
* ಸಕ್ಕರೆ ಕಾಯಿಲೆಯವರಿಗೆ ಇದು ಔಷಧವಲ್ಲ. ಹಿಟ್ಟಿನ ಹೆಚ್ಚಿನ ಪಾಲು ಮೈದಾ ಮತ್ತು ಗೋಧಿಯೇ.
* ಸ್ತ್ರೀಶಕ್ತಿ ಗುಂಪಿನವರು ಮಾರಾಟಕ್ಕೆ ಮಾಡುವುದಾದರೆ ಆಹಾರ ಸುರಕ್ಷತಾ ಕಾಯಿದೆಯ ನೋಂದಣಿ ಮಾಡಿಸಬೇಕು. ಪೊಟ್ಟಣದ ಮೇಲೆ ಗೋಧಿ ಇರುವುದನ್ನು, ತಯಾರಿಸಿದ ದಿನಾಂಕವನ್ನು ಮುದ್ರಿಸಬೇಕು. ಸೌದೆ ಅಥವಾ ಗ್ಯಾಸ್ ಮತ್ತು ಸ್ವಂತ ದುಡಿಮೆಯ ಬೆಲೆಯನ್ನೂ ಸೇರಿಸಿ ದರ ಕಟ್ಟಬೇಕು.

ಲೆಕ್ಕ

ವಾರಕ್ಕೊಂದು ಬ್ರೆಡ್ ಮಾಡಿದರೆ ಒಂದು ಮನೆಗೆ ವರ್ಷಕ್ಕೆ ಬೇಕಾಗುವ ನವಣೆ ಅಕ್ಕಿ ಸುಮಾರು 4 ಕಿಲೋ. ಇಷ್ಟರಿಂದಲೇ ನವಣೆ ಬೆಳೆ ಉಳಿಯುತ್ತದೆ ಎಂದು ಹೇಳಲಾಗದು. ಆದರೆ ಒಂದು ಊರಿನ ನೂರು ಮನೆಗಳಲ್ಲಿ ಮಾಡಿದರೆ ಅದು 4 ಕ್ವಿಂಟಲ್ ಆಗುತ್ತದೆ. ಅದಕ್ಕಿಂತ ಮುಖ್ಯವಾಗಿ, ನವಣೆಯ ರುಚಿ ಮಕ್ಕಳ ನಾಲಗೆಗೆ ಮರಳುತ್ತದೆ. ಬ್ರೆಡ್ಡಿನಲ್ಲಿ ಒಗ್ಗಿದ ರುಚಿ ಮುಂದೆ ಅನ್ನದಲ್ಲಿ, ಉಪ್ಪಿಟ್ಟಿನಲ್ಲಿ, ಹೋಳಿಗೆಯಲ್ಲಿ ಒಗ್ಗುವುದು ಕಷ್ಟವಲ್ಲ.

ಈ ಮುಂಗಾರಿನಲ್ಲಿ ಮನೆಯ ಊಟಕ್ಕೆಂದು ನಾಲ್ಕು ಸಾಲು ನವಣೆ ಬಿತ್ತಿ ನೋಡಿ. ಕೊಯ್ಲಿನ ನಂತರ ಮೊದಲ ಸೇರು ಕಾಳನ್ನು ರವೆ ಮಾಡಿಸಿ ಬ್ರೆಡ್ ಬೇಯಿಸಿ. ಮುಂದಿನ ವರ್ಷ ಎಷ್ಟು ಸಾಲು ಬಿತ್ತಬೇಕೆಂಬುದನ್ನು ಮನೆಯ ಮಕ್ಕಳೇ ಹೇಳುತ್ತಾರೆ.