ಹೆಜ್ಜೆಯ ಲೆಕ್ಕ: ಯಂತ್ರ ಎಷ್ಟು ಬಲ್ಲದು?

ಬೆಳಗಿನ ವಾಯುವಿಹಾರಕ್ಕೆ ಹೊರಡುವ ನಮ್ಮ ಹಿರಿಯರಲ್ಲಿ ಅನೇಕರ ಜೇಬಿನಲ್ಲಿ ಈಗ ಹೆಜ್ಜೆಗಳನ್ನು ಎಣಿಸುವ ಫೋನು ಇರುತ್ತದೆ. ಮನೆಗೆ ಹಿಂದಿರುಗಿದೊಡನೆ ಅಂಕಿಯನ್ನು ನೋಡಿ ಒಬ್ಬರು ಹಿಗ್ಗುತ್ತಾರೆ, ಇನ್ನೊಬ್ಬರು ಕುಗ್ಗುತ್ತಾರೆ. ಮಧುಮೇಹ ಅಥವಾ ಹೃದಯದ ತೊಂದರೆಗಾಗಿ ವೈದ್ಯರು ನಡೆಯಲು ಹೇಳಿರುವವರಿಗಂತೂ ಈ ಅಂಕಿ ಔಷಧದ ಪ್ರಮಾಣದಷ್ಟೇ ಮುಖ್ಯವಾಗಿದೆ. ಆದುದರಿಂದ ಅದು ಹೇಗೆ ಹುಟ್ಟುತ್ತದೆ, ಅದನ್ನು ಎಷ್ಟರಮಟ್ಟಿಗೆ ನಂಬಬಹುದು ಎಂಬುದನ್ನು ತಿಳಿಯುವುದು ಅವಶ್ಯಕ.

ಅಳತೆಯ ಬಗೆ

ಫೋನಿನೊಳಗೆ ವೇಗೋತ್ಕರ್ಷ ಮಾಪಕವೆಂಬ ಪುಟ್ಟ ಸಾಧನವಿದೆ. ಅದರಲ್ಲಿ ಸಿಲಿಕಾನಿನ ಸೂಕ್ಷ್ಮ ತುಣುಕೊಂದು ಅಷ್ಟೇ ಸೂಕ್ಷ್ಮವಾದ ಸ್ಪ್ರಿಂಗುಗಳ ಆಧಾರದಲ್ಲಿ ನಿಂತಿರುತ್ತದೆ. ಫೋನು ಅಲುಗಿದಾಗ ತುಣುಕು ತುಸು ಸರಿಯುತ್ತದೆ. ಅದರಿಂದಾಗುವ ವಿದ್ಯುತ್ ವ್ಯತ್ಯಾಸವೇ ಅಳತೆ. ಉದ್ದ, ಅಗಲ, ದಪ್ಪ ಎಂಬ ಮೂರು ದಿಕ್ಕುಗಳಲ್ಲಿ, ಸೆಕೆಂಡಿಗೆ ಹತ್ತಾರು ಬಾರಿ ಈ ಅಳತೆ ನಡೆಯುತ್ತದೆ. ಮೇಜಿನ ಮೇಲೆ ನಿಶ್ಚಲವಾಗಿಟ್ಟ ಫೋನು ಸಹ ಗುರುತ್ವದ ಕಾರಣ ಸುಮಾರು 9.8 ಎಂಬ ಸಂಖ್ಯೆಯನ್ನು ಕೊಡುತ್ತದೆ. ನಡೆಯುವಾಗ ಪಾದ ನೆಲವನ್ನು ತಾಕಿದಂತೆಲ್ಲ ಈ ಸಂಖ್ಯೆ ಏರಿಳಿದು ಅಲೆಯಾಗುತ್ತದೆ.

ಅಲೆಯಿಂದ ಹೆಜ್ಜೆಗೆ

ಅಲೆಯನ್ನು ಹೆಜ್ಜೆಯಾಗಿ ಪರಿವರ್ತಿಸುವುದು ತಂತ್ರಾಂಶ. ಚಲನೆಯ ಅಂಕಿಗಳನ್ನು ಸಂಸ್ಕರಿಸುವ ಸಿದ್ಧ ಆದೇಶಗಳನ್ನು ಕಡತಗಳಲ್ಲಿ ಕೂಡಿಸಿಟ್ಟಿರುತ್ತಾರೆ. ಇಂಥ ಸಂಗ್ರಹಕ್ಕೆ ಲೈಬ್ರರಿ ಎಂದೇ ಹೆಸರು. ಗ್ರಂಥಾಲಯದಿಂದ ಪುಸ್ತಕ ತರುವಂತೆ ಆರೋಗ್ಯದ ಆ್ಯಪ್‌ಗಳು ಇದರಿಂದ ಲೆಕ್ಕವನ್ನು ಪಡೆಯುತ್ತವೆ. ಐಫೋನಿನಲ್ಲಿ ಇದು ಕೋರ್ ಮೋಷನ್. ಆಂಡ್ರಾಯ್ಡ್‌ನಲ್ಲಿ 2013ರ 4.4ನೆಯ ಆವೃತ್ತಿಯಿಂದ ಹೆಜ್ಜೆ ಎಣಿಕೆಯ ಏರ್ಪಾಡು ಸೇರಿದೆ.

ಸಾಮಾನ್ಯವಾಗಿ ಕೆಲಸ ಮೂರು ಹಂತಗಳಲ್ಲಿ ನಡೆಯುತ್ತದೆ. ಮೊದಲು ಮೂರು ದಿಕ್ಕಿನ ಅಳತೆಗಳನ್ನು ಒಂದೇ ಸಂಖ್ಯೆಯಾಗಿಸುತ್ತಾರೆ. ಹೀಗಾಗಿ ಫೋನು ಜೇಬಿನಲ್ಲಿ ಹೇಗೆ ಮಲಗಿದ್ದರೂ ಚಿಂತೆಯಿಲ್ಲ. ಎರಡನೆಯದಾಗಿ, ನಡಿಗೆಯ ಲಯಕ್ಕೆ, ಅಂದರೆ ಸೆಕೆಂಡಿಗೆ ಸುಮಾರು ಎರಡು ಹೆಜ್ಜೆಗೆ, ಹೊಂದದ ಅಲುಗಾಟವನ್ನು ಶೋಧಿಸಿ ತೆಗೆಯುತ್ತಾರೆ. ಕೊನೆಗೆ, ಗೊತ್ತಾದ ಮಿತಿಯನ್ನು ಮೀರಿದ ಶಿಖರಗಳನ್ನು ಎಣಿಸುತ್ತಾರೆ. ಕೆಲವು ಹೆಜ್ಜೆಗಳು ಸತತವಾಗಿ ಕಂಡ ಮೇಲೆಯೇ ಅನೇಕ ತಂತ್ರಾಂಶಗಳು ಎಣಿಕೆಗೆ ತೊಡಗುತ್ತವೆ.

ಲೆಕ್ಕ ತಪ್ಪುವುದೆಲ್ಲಿ?

ಈ ಜಾಣತನವೇ ಕೆಲವೊಮ್ಮೆ ತೊಡಕಾಗುತ್ತದೆ. ಮಹಾನಗರದ ಇಕ್ಕಟ್ಟಾದ ಅಡಿಗೆಮನೆಯಲ್ಲಿ ಒಲೆಯಿಂದ ನಲ್ಲಿಗೆ, ನಲ್ಲಿಯಿಂದ ಕಪಾಟಿಗೆ ದಿನವೆಲ್ಲ ಓಡಾಡುವ ಗೃಹಿಣಿಯ ಎರಡು ಮೂರು ಹೆಜ್ಜೆಗಳು ಲೆಕ್ಕಕ್ಕೆ ಸಿಗದೆ ಹೋಗಬಹುದು. ಪಾದವನ್ನು ಎಳೆಯುತ್ತ ನಿಧಾನವಾಗಿ ನಡೆಯುವ ವೃದ್ಧರ ಅಲೆ ಮಿತಿಯನ್ನು ಮುಟ್ಟುವುದೇ ಇಲ್ಲ. ಕೈಗಾಡಿಯನ್ನು ತಳ್ಳುವಾಗ ಕೈ ಬೀಸದಿರುವುದರಿಂದ ಮಣಿಕಟ್ಟಿನ ಗಡಿಯಾರವೂ ಕಡಿಮೆ ಎಣಿಸುತ್ತದೆ. ಇದಕ್ಕೆ ವ್ಯತಿರಿಕ್ತವಾಗಿ, ಹಳ್ಳಬಿದ್ದ ರಸ್ತೆಯಲ್ಲಿ ಬಸ್ಸಿನ ಕುಲುಕಾಟವು ಕುಳಿತವರ ಖಾತೆಗೂ ಹೆಜ್ಜೆಗಳನ್ನು ಸೇರಿಸಬಹುದು. ಅಂದರೆ ದುಡಿದವರಿಗೆ ನಷ್ಟ, ಕುಳಿತವರಿಗೆ ಲಾಭ!

ಹತ್ತು ಸಾವಿರದ ಮೂಲ

ದಿನಕ್ಕೆ 10,000 ಹೆಜ್ಜೆ ಎಂಬ ಗುರಿ ವೈದ್ಯಕೀಯ ಸಂಶೋಧನೆಯಿಂದ ಹುಟ್ಟಿದ್ದಲ್ಲ. 1965ರಲ್ಲಿ ಜಪಾನಿನಲ್ಲಿ ಮಾರಾಟಕ್ಕೆ ಬಂದ ಮಾಪಕವೊಂದರ ಹೆಸರೇ ‘ಮಾನ್‌ಪೋ-ಕೇ’, ಎಂದರೆ ಹತ್ತು ಸಾವಿರ ಹೆಜ್ಜೆಯ ಮಾಪಕ. ಸರಾಸರಿ 72 ವರ್ಷದ 16,741 ಅಮೆರಿಕನ್ ಮಹಿಳೆಯರನ್ನು ಕುರಿತ ಅಧ್ಯಯನವೊಂದು 2019ರಲ್ಲಿ ಪ್ರಕಟವಾಯಿತು. ಸುಮಾರು 2,700 ಹೆಜ್ಜೆ ನಡೆದವರಿಗಿಂತ 4,400 ಹೆಜ್ಜೆ ನಡೆದವರಲ್ಲಿ ಮರಣದ ಪ್ರಮಾಣ ಶೇಕಡ 41ರಷ್ಟು ಕಡಿಮೆಯಿತ್ತು. ಸುಮಾರು 7,500ರ ನಂತರ ಹೆಚ್ಚಿನ ಲಾಭ ಕಾಣಲಿಲ್ಲ. ಆರೋಗ್ಯವಂತರೇ ಹೆಚ್ಚು ನಡೆಯುತ್ತಾರೆಂಬುದೂ ಇದಕ್ಕೆ ಭಾಗಶಃ ಕಾರಣವಿರಬಹುದು. ಆದರೂ ಹತ್ತು ಸಾವಿರ ಮುಟ್ಟಲಿಲ್ಲವೆಂದು ನಡೆಯುವುದನ್ನೇ ಬಿಡುವುದು ಸಲ್ಲದು.

ನೀವೇ ಪರೀಕ್ಷಿಸಿ

ಫೋನಿನ ಅಂಕಿಯನ್ನು ಗುರುತು ಮಾಡಿಕೊಂಡು, ಬಾಯಲ್ಲಿ ಎಣಿಸುತ್ತ 100 ಹೆಜ್ಜೆ ನಡೆಯಿರಿ. ಒಂದು ನಿಮಿಷ ತಡೆದು ಮತ್ತೆ ಅಂಕಿಯನ್ನು ನೋಡಿರಿ. ಜೇಬು, ಕೈ, ಚೀಲ ಈ ಮೂರರಲ್ಲಿಯೂ ಫೋನನ್ನಿಟ್ಟು ಪ್ರಯೋಗಿಸಿರಿ. ಎಲ್ಲಿ ನೂರಕ್ಕೆ ಹತ್ತಿರ ಬರುವುದೋ ಅಲ್ಲಿಯೇ ದಿನವೂ ಇಡತಕ್ಕದ್ದು. ಬೇರೆಯವರ ಅಂಕಿಯೊಡನೆ ಹೋಲಿಸದೆ, ನಿಮ್ಮದೇ ಕಳೆದ ವಾರದ ಅಂಕಿಯೊಡನೆ ಹೋಲಿಸಿಕೊಳ್ಳಿರಿ. ಎಲ್ಲಿಯೂ ಹೊಂದದಿದ್ದರೆ ಗಡಿಯಾರ ನೋಡಿಕೊಂಡು ನಡೆಯಿರಿ: ವಯಸ್ಕರಿಗೆ ವಾರಕ್ಕೆ 150ರಿಂದ 300 ನಿಮಿಷಗಳ ಮಧ್ಯಮ ಶ್ರಮ ಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಸೂಚಿಸಿದೆ. ನಡೆಯುವಾಗ ಎದೆನೋವು, ತಲೆಸುತ್ತು ಅಥವಾ ಅತಿಯಾದ ಏದುಸಿರು ಕಂಡರೆ ಅಂಕಿಯ ಚಿಂತೆಯನ್ನು ಬಿಟ್ಟು ಕೂಡಲೇ ನಿಂತು, ತಡಮಾಡದೆ ವೈದ್ಯರ ನೆರವು ಪಡೆಯಬೇಕು. ಅಲೆಯನ್ನು ಎಣಿಸಬಲ್ಲ ಯಂತ್ರ ನಿಮ್ಮ ಆಯಾಸವನ್ನು ಅರಿಯದು.